ಡೇರೆಯೊಳಗೆ ಸಾಯದ ಸಿಪಾಯಿ

ಅರಕಲಗೂಡು,
ಸಂಕ್ರಾಂತಿ ಕಳೆದ ವಾರ, 1967

ಅಣ್ಣ ಬೈರಯ್ಯನಿಗೆ,

ತಂಗಿಯಾದವಳು ಮೊದಲು ನಿನ್ನ ಪಾದಕ್ಕೆ ನಮಸ್ಕಾರ ಬರೆಯಬೇಕು, ಆಮೇಲೆ ನಮ್ಮ ಕ್ಷೇಮ ತಿಳಿಸಿ ನಿನ್ನ ಕ್ಷೇಮ ಕೇಳಬೇಕು. ಶಾಲೆಯಲ್ಲಿ ಪತ್ರಲೇಖನದ ಪಾಠ ಮಾಡುವಾಗ ಮಕ್ಕಳಿಗೆ ಹಾಗೇ ಬರೆಸುತ್ತೇನೆ. ನಿನಗೆ ಮಾತ್ರ ಹಾಗೆ ಬರೆಯಲು ಕೈ ಬರುತ್ತಿಲ್ಲ. ನಾಲ್ಕು ವರ್ಷದಿಂದ ನೀನು ಯಾವ ಊರಲ್ಲಿದ್ದೀಯ ಎಂದೇ ಗೊತ್ತಿಲ್ಲದಿರುವಾಗ ನಮಸ್ಕಾರವನ್ನು ಯಾವ ದಿಕ್ಕಿಗೆ ತಿರುಗಿ ಮಾಡಲಿ? ಮೊನ್ನೆ ಹಾಸನದ ಬಸ್ ಸ್ಟ್ಯಾಂಡಿನಲ್ಲಿ ನಿಮ್ಮ ಆಪರೇಟರ್ ರುದ್ರಯ್ಯ ಸಿಕ್ಕಿದ. ಮಸ್ತಕಾಭಿಷೇಕಕ್ಕೆ ಜನ ಸೇರುತ್ತಾರೆಂದು ನಿಮ್ಮ ಟೂರಿಂಗ್ ಟಾಕೀಸಿನವರು ಈಗಲೇ ಶ್ರವಣಬೆಳಗೊಳದ ರಸ್ತೆಯಲ್ಲಿ ಡೇರೆ ಹಾಕಿದ್ದಾರೆ, ನೀನೂ ಅಲ್ಲೇ ಇದ್ದೀಯ ಎಂದು ಹೇಳಿದ. ರೀಲಿನ ಪೆಟ್ಟಿಗೆ ಒಯ್ಯಲು ಅವನು ಬುಧವಾರ ಮತ್ತೆ ಬರುತ್ತಾನಂತೆ. ಈ ಕಾಗದವನ್ನು ಅವನ ಕೈಯಲ್ಲೇ ಕೊಡುತ್ತೇನೆ. ಅಂಚೆಗೆ ಹಾಕಿದರೆ, ಅಂಥವರು ಇಲ್ಲಿಲ್ಲ ಎಂದು ಹಿಂದಕ್ಕೆ ಕಳಿಸುವ ಜಾಣತನ ನಿನಗಿದೆ.

ಮೊದಲು ಪುಸ್ತಕದ ವಿಷಯ ಹೇಳಿಬಿಡುತ್ತೇನೆ, ಏಕೆಂದರೆ ಅದರಲ್ಲಿ ನನ್ನ ಮಾನ ಹೋದದ್ದು ನಿನ್ನಿಂದ. ಹಾಸನದಲ್ಲಿ ವೆಂಕಟರಾಮಯ್ಯನವರೆಂದು ಒಬ್ಬರು ಅಚ್ಚುಕೂಟ ಇಟ್ಟುಕೊಂಡಿದ್ದಾರೆ. ಶಾಲೆಯ ಲೈಬ್ರರಿಗಳಿಗೆಂದು ಸಣ್ಣ ಸಣ್ಣ ತಿಳಿವಳಿಕೆಯ ಪುಸ್ತಕಗಳನ್ನು ತರುತ್ತಾರೆ. ಉಪಾಧ್ಯಾಯರ ಸಭೆಯೊಂದರಲ್ಲಿ ನಾನು ಪುಸ್ತಕದ ಅಂಚಿಗೆ ಒಂದೊಂದೇ ಗೊಂಬೆ ಬರೆದು, ಹಾಳೆಗಳನ್ನು ಸರಸರನೆ ಮಗುಚಿ, ಕಾರ್ಟೂನು ಸಿನಿಮಾ ಹೀಗೇ ಕುಣಿಯುವುದು ಎಂದು ತೋರಿಸಿದ್ದೆ. ಅದನ್ನು ನೋಡಿ ಅವರು, ಬರೆದ ಚಿತ್ರಕ್ಕೆ ಜೀವ ಬಂದ ಇತಿಹಾಸವನ್ನೇ ಒಂದು ಪುಸ್ತಕ ಮಾಡಿಕೊಡಮ್ಮ ಎಂದರು. ನಾನು ಹಿಗ್ಗಿ ಹೀರೇಕಾಯಿಯಾದೆ. ಅಷ್ಟರಲ್ಲಿ ಪಾಕಿಸ್ತಾನದ ಯುದ್ಧ ಬಂತು. "ಈಗ ಯಾರಿಗಮ್ಮ ಬೇಕು ಕುಣಿಯೋ ಗೊಂಬೆ? ಮೊದಲು ಯುದ್ಧದ ಸಿನಿಮಾಗಳ ಇತಿಹಾಸ ಬರೆದುಕೊಡಿ. ಅದು ಹೋದರೆ ನಿಮ್ಮ ಗೊಂಬೆಯನ್ನೂ ಅಚ್ಚು ಹಾಕೋಣ" ಎಂದುಬಿಟ್ಟರು. ಗೊಂಬೆಯ ಆಸೆಗೆ ಬಂದೂಕು ಹಿಡಿದೆ. ಮೈಸೂರಿನಿಂದ ಅವರೇ ದಪ್ಪ ದಪ್ಪ ಇಂಗ್ಲಿಷ್ ಪುಸ್ತಕ ತರಿಸಿಕೊಟ್ಟರು. ಪಕ್ಕದಲ್ಲಿ ನಿಘಂಟು ಇಟ್ಟುಕೊಂಡು ಓದಿ ಓದಿ ನನ್ನ ತಲೆ ಕೆಟ್ಟು ಗೊಬ್ಬರವಾಯಿತು.

ಆದರೂ ಒಂದು ಧೈರ್ಯವಿತ್ತು. ಯುದ್ಧದ ಚಿತ್ರಗಳಲ್ಲಿ ನಾನು ನೋಡದೆ ಬಿಟ್ಟದ್ದು ಕಡಿಮೆ. ಅದಕ್ಕೆ ಕಾರಣ ಯಾರು, ನಾನು ಹೇಗೆ ಅದರಲ್ಲಿ ಪಂಡಿತೆಯಾದೆ ಎನ್ನುವುದನ್ನು ಆಮೇಲೆ ಹೇಳುತ್ತೇನೆ, ತಾಳು. ಆ ಗಿರಣಿ ಕಾಯುವ ಸಿಪಾಯಿಯ ಚಿತ್ರ ನಿನಗೆ ನೆನಪಿದೆಯಷ್ಟೆ? ಪರದೆಯ ಪಕ್ಕದಲ್ಲಿ ಕೋಲು ಹಿಡಿದು ನಿಂತು ನೀನು ಅದೆಷ್ಟು ಊರಲ್ಲಿ ಅದರ ವಿವರಣೆ ಹೇಳಿದೆಯೋ. ಪರದೇಶದ ಸಿಪಾಯಿಯನ್ನು ಸಾಲಗಾಮೆಯ ನಂಜಪ್ಪನನ್ನಾಗಿ ಮಾಡಿದೆ. ಯಾವುದೋ ಹಿಮದ ನಾಡಿನ ನದಿಯನ್ನು ಹೊಳೆನರಸೀಪುರದ ಹತ್ತಿರ ಹರಿಸಿದೆ. ಹೇಮಾವತಿ ಹೆಪ್ಪುಗಟ್ಟಿದ್ದನ್ನು ಕಂಡು ಒಬ್ಬರಾದರೂ ಇದು ಹೇಗೆ ಎಂದು ಕೇಳಲಿಲ್ಲ, ಅಷ್ಟು ಚೆನ್ನಾಗಿ ಹೇಳುತ್ತಿದ್ದೆ. ನಾನು ನಿನ್ನನ್ನು ಬೈಯಲು ಕೂತವಳು, ಹೊಗಳುವುದು ನಿಲ್ಲಿಸುತ್ತೇನೆ.

ಆ ಚಿತ್ರದ ಕೊನೆಯನ್ನು ನಾನು ಹಸ್ತಪ್ರತಿಯಲ್ಲಿ ಡೇರೆಯಲ್ಲಿ ಕಂಡ ಹಾಗೇ ಬರೆದೆ. ಗಿರಣಿಯ ಬಾಗಿಲಲ್ಲಿ ಗುಂಡೇಟು ತಿಂದು ಬಿದ್ದ ಸಿಪಾಯಿಗೆ ಪ್ರಜ್ಞೆ ಬರುತ್ತದೆ, ಗಡ್ಡ ಬೋಳಿಸಿಕೊಳ್ಳುತ್ತಾನೆ, ಜೋಳದ ತೆನೆ ಸುಟ್ಟು ತಿನ್ನುತ್ತಾನೆ, ಊರಿಗೆ ಹೊರಡುತ್ತಾನೆ. ಅದನ್ನು ವೆಂಕಟರಾಮಯ್ಯನವರು ಇಂಗ್ಲಿಷ್ ಪುಸ್ತಕದ ಜೊತೆ ಹೋಲಿಸಿ ನೋಡಿದರು. ಆ ಸಿಪಾಯಿ ಸಾಯುತ್ತಾನಂತೆ! ಅವನು ಬಾಗಿಲಲ್ಲಿ ಬಿದ್ದು ಸಾಯುವುದರಿಂದಲೇ ಆ ಚಿತ್ರಕ್ಕೆ ಹೆಸರು ಬಂದದ್ದಂತೆ. "ಏನಮ್ಮ ಮುದ್ದಮ್ಮ, ಸತ್ತವನನ್ನ ಎಬ್ಬಿಸಿ ಊರಿಗೆ ಕಳಿಸಿದ್ದೀರಲ್ಲ, ಬಸ್ ಚಾರ್ಜು ಯಾರು ಕೊಟ್ಟರು?" ಎಂದು ಅಚ್ಚುಮೊಳೆ ಜೋಡಿಸುವವರ ಎದುರಿಗೇ ಕೇಳಿದರು. ಎಲ್ಲರೂ ನಕ್ಕರು. ನನಗೆ ನೆಲ ಬಾಯಿ ಬಿಡಬಾರದೇ ಎನ್ನಿಸಿತು.

ಆಗೊಮ್ಮೆ ಹಾಸನಕ್ಕೆ ರೀಲು ಒಯ್ಯಲು ಬಂದಿದ್ದ ರುದ್ರಯ್ಯನನ್ನು ಹಿಡಿದು ಕೇಳಿದ ಮೇಲೆ ನಿಜ ಹೊರಗೆ ಬಿತ್ತು; ನೀನೆಲ್ಲಿದ್ದೀಯ ಎಂದು ಸಿಟ್ಟಿಗೆ ಆಗ ಕೇಳಲಿಲ್ಲ. ಮೊದಲನೆಯ ಸಲ ಚನ್ನರಾಯಪಟ್ಟಣದಲ್ಲಿ ಅವನು ಗಡಿಬಿಡಿಯಲ್ಲಿ ಕೊನೆಯ ಎರಡು ರೀಲುಗಳನ್ನು ಅದಲು ಬದಲು ಹಾಕಿದನಂತೆ. ಸಾಯುವ ರೀಲು ಮೊದಲು ಓಡಿತು, ಅದಕ್ಕೂ ಹಿಂದೆ ಬರಬೇಕಾಗಿದ್ದ, ನಗುನಗುತ್ತ ಕೂತು ಗಡ್ಡ ಬೋಳಿಸಿಕೊಳ್ಳುವ ರೀಲು ಕೊನೆಗೆ ಬಂತು. ನೆಲದ ಮೇಲೆ ಕೂತ ಹೆಂಗಸರು ಇನ್ನೂ ಸೆರಗಿನಲ್ಲಿ ಕಣ್ಣು ಒರೆಸುತ್ತಿದ್ದರಂತೆ. ನೀನು ಒಂದು ಕ್ಷಣವೂ ತಡವರಿಸದೆ, "ಸತ್ತಿರ್ನಿಲ್ಲ ಕಣ್ರವ್ವಾ, ಗ್ಯಾನ ತಪ್ಪಿತ್ತು ಅಷ್ಟೇಯ! ನೋಡ್ರವ್ವಾ, ಊರ್ಗೋಗಕ್ಕೆ ಎಂಗೆ ಮೊಕ ನುಣ್ಣುಗ್ ಮಾಡ್ಕತಾವ್ನೆ ನಮ್ ನಂಜಪ್ಪ!" ಎಂದೆಯಂತೆ. ಡೇರೆ ಹಾರಿಹೋಗುವ ಹಾಗೆ ಶಿಳ್ಳೆ ಬಿತ್ತಂತೆ. ತಪ್ಪಾದದ್ದು ಒಂದು ದಿನ. ಮಾರನೆಯ ದಿನ ರುದ್ರಯ್ಯ ಸರಿಯಾಗಿ ಹಾಕಲು ಹೋದರೆ ನೀನೇ ಅವನ ಕೈ ಹಿಡಿದು, "ಅಂಗೇ ಆಕ್ಲಾ, ಜನ ನಕ್ಕೊಂಡ್ ಮನೆಗೋಗ್ಲಿ" ಎಂದೆಯಂತೆ. ಹೀಗೆ ನಮ್ಮ ಸೀಮೆಯಲ್ಲೆಲ್ಲ ಆ ಸಿಪಾಯಿ ಸಾಯಲೇ ಇಲ್ಲ. ನಾನು ವೆಂಕಟರಾಮಯ್ಯನವರ ಹತ್ತಿರ ವಾದ ಮಾಡಿದೆ. ಇತಿಹಾಸ ಅಂದರೆ ಚಿತ್ರ ತೆಗೆದವರದು ಮಾತ್ರವೇ, ನೋಡಿದವರದೂ ಅಲ್ಲವೇ, ನಮ್ಮ ಕಡೆ ಆ ಚಿತ್ರವನ್ನು ಜನ ಹೇಗೆ ನೋಡಿದರೆಂದು ಒಂದು ಪುಟ ಸೇರಿಸೋಣ ಎಂದೆ. ಬರೆದೂ ಕೊಟ್ಟೆ. ಅವರು ಕೆಂಪು ಶಾಯಿಯಲ್ಲಿ ಅಡ್ಡಗೆರೆ ಎಳೆದರು. ನಿನ್ನ ಹೆಸರೂ ಆ ಗೆರೆಯ ಕೆಳಗೇ ಹೋಯಿತು.

ಕಾರ್ಟೂನನ್ನಾದರೂ ಬಿಟ್ಟೆಯಾ? ಎತ್ತರದ ಬಂಡೆಯಿಂದ ಬಿದ್ದ ನರಿ ರೊಟ್ಟಿಯ ಹಾಗೆ ಚಪ್ಪಟೆಯಾಗಿ, ಮೈ ಕೊಡವಿಕೊಂಡು ಎದ್ದು ಓಡುವ ಒಂದು ತುಂಡು ಚಿತ್ರವಿತ್ತಲ್ಲ, ಅದಕ್ಕೆ ನೀನು ಹೇಳುತ್ತಿದ್ದ ಮಾತು ಇದು: "ಇದ್ರ ಆಯಸ್ಸು ಬರ್ದಿರೋನು ಮನ್ಸ ಕಣ್ರಪ್ಪಾ, ಅದ್ಕೇ ಇದು ಸಾಯಾಕಿಲ್ಲ!" ಇದನ್ನು ಮಾತ್ರ ನಾನು ಒಪ್ಪಲೇಬೇಕು. ಅಷ್ಟು ದಪ್ಪ ಪುಸ್ತಕಗಳನ್ನೆಲ್ಲ ತಿರುವಿಹಾಕಿದ ಮೇಲೂ ಆ ಚಿತ್ರಗಳ ಬಗ್ಗೆ ಇದಕ್ಕಿಂತ ನೇರವಾದ ಮಾತು ನನಗೆ ಸಿಗಲಿಲ್ಲ. ಗೊಂಬೆಯ ಪುಸ್ತಕದ ಮೊದಲನೆಯ ಅಧ್ಯಾಯ ಅದರಿಂದಲೇ ಶುರುವಾಗುತ್ತದೆ. ಅದು ಎಂದಾದರೂ ಅಚ್ಚಾದರೆ ನೋಡು.

ಇನ್ನು ನನ್ನ ಪಾಂಡಿತ್ಯದ ವಿಷಯಕ್ಕೆ ಬರುತ್ತೇನೆ. ಇಲ್ಲಿಯವರೆಗೆ ಬರೆದದ್ದು ಸುಮ್ಮನೆ ಬಾಯಿಚಪಲ. ಈಗ ಬರೆಯುವುದನ್ನು ನಾಲ್ಕು ವರ್ಷದಿಂದ ಗಂಟಲಲ್ಲಿ ಇಟ್ಟುಕೊಂಡಿದ್ದೇನೆ.

ಚೀನಾ ಯುದ್ಧದಲ್ಲಿ ನಮ್ಮ ತಮ್ಮಯ್ಯ ಕಾಣೆಯಾದ ಎಂದು ತಂತಿ ಬಂದಾಗ ನೀನೇ ಅದನ್ನು ಓದಿಸಿಕೊಂಡು ಬಂದವನು. ಕಾಣೆಯಾಗಿದ್ದಾನೆ ಎಂದರೆ ಏನು ಎಂದು ಅವ್ವ ಕೇಳಿದಳು. ಹಸು ಕಾಣೆಯಾದರೆ ಹುಡುಕಲು ಹೋಗುವುದಿಲ್ಲವೇ, ಮಗ ಕಾಣೆಯಾದರೆ ಯಾರು ಹೋಗುತ್ತಾರೆ ಎಂದು ಕೇಳಿದಳು. ನೀನು ಡೇರೆಗೆ ಹೋದೆ, ನಾನು ಶಾಲೆಗೆ ಹೋದೆ, ಅವ್ವ ಒಲೆಯ ಮುಂದೆ ಕೂತಳು. ಕೆಲವು ತಿಂಗಳ ಮೇಲೆ ನಿಮ್ಮ ಟಾಕೀಸು ಅರಕಲಗೂಡಿಗೇ ಬಂತು. ಮನೆಯಲ್ಲಿ ಕೂತು ಕೂತು ಅವ್ವ ಒಣಗುತ್ತಿದ್ದಾಳೆ, ಕರೆದುಕೊಂಡು ಬಾ ಎಂದವನೂ ನೀನೇ. ಅಂದು ಚಿತ್ರಕ್ಕೆ ಮುಂಚೆ ಸರ್ಕಾರದ ವಾರ್ತಾಚಿತ್ರ ಓಡಿತು. ಹಿಮದಲ್ಲಿ ಸಾಲಾಗಿ ಸಿಪಾಯಿಗಳು ನಡೆಯುತ್ತಿದ್ದರು. ಕಂಬಳಿ ಕೋಟು, ಟೋಪಿ, ಯಾರ ಮುಖವೂ ನೆಟ್ಟಗೆ ಕಾಣುತ್ತಿರಲಿಲ್ಲ. ಆಗ ನಿನ್ನ ದನಿ ಬಂತು. "ಅಗಾ ನೋಡವ್ವಾ! ಸಾಲಲ್ಲಿ ಮೂರ್ನೆಯವ್ನು! ನಮ್ ತಮ್ಮಯ್ಯ ಕಣವ್ವಾ! ನಡ್ಕಂಡ್ ಬತ್ತಾವ್ನೆ ನೋಡು!"

ಡೇರೆಗೆ ಡೇರೆಯೇ ಕೂಗಿತು. ಅವ್ವ ಸೀರೆಯ ಮರಳನ್ನೂ ಕೊಡವದೆ ಎದ್ದು ನಿಂತಳು. ಅವಳು ಪರದೆಯ ಕಡೆಗೆ ಎರಡು ಹೆಜ್ಜೆ ಇಡುವಷ್ಟರಲ್ಲಿ ಆ ಸಾಲು ಹೋಗಿ ಯಾರೋ ಮಂತ್ರಿ ಅಣೆಕಟ್ಟಿಗೆ ಕಲ್ಲು ಇಡುತ್ತಿದ್ದರು. ಅಣ್ಣ, ಅದು ನಿನ್ನ ಬಾಯಿಂದ ಹೇಗೆ ಬಂತು? ಅಭ್ಯಾಸಬಲವೇ? ಅವ್ವನ ಮುಖ ನೋಡಲಾರದೆ ಹೇಳಿದೆಯಾ? ಜನರನ್ನು ನಗಿಸಿ ಮನೆಗೆ ಕಳಿಸುವ ಹಾಗೆ ಅವಳನ್ನೂ ಕಳಿಸಬಹುದೆಂದುಕೊಂಡೆಯಾ? ಡೇರೆಯ ಜನ ಮಾರನೆಯ ದಿನ ರಾಗಿ ಬೀಸಲು ಹೋಗುತ್ತಾರೆ, ಸಿಪಾಯಿಯನ್ನು ಮರೆಯುತ್ತಾರೆ. ಅವ್ವ ಎಲ್ಲಿಗೆ ಹೋಗಬೇಕಿತ್ತು?

ಮಾರನೆಯ ದಿನ ಅವಳು ನಿನಗೆ, ಆ ರೀಲು ಇನ್ನೊಂದು ಸಲ ಬಿಡು ಎಂದಳು. ರೀಲು ವಾಪಸು ಹೋಯಿತು, ಮುಂದಿನ ಸಲ ಬಂದಾಗ ತರುತ್ತೇನೆ ಎಂದೆ. ಆ ಮುಂದಿನ ಸಲ ಇನ್ನೂ ಬಂದಿಲ್ಲ. ನಿಮ್ಮ ಟಾಕೀಸು ಹೊರಟಿತು, ಅದರ ಜೊತೆ ನೀನೂ ಹೊರಟೆ. ಯುಗಾದಿಗೆ ಬರಲಿಲ್ಲ, ಅಪ್ಪನ ತಿಥಿಗೆ ಬರಲಿಲ್ಲ. ನೀನು ಮಾಡಿದ್ದರ ಮುಂದೆ ಬಂದು ನಿಲ್ಲುವ ಎದೆಗಾರಿಕೆ ನಿನಗಿಲ್ಲ ಎಂದು ನಾನು ತೀರ್ಮಾನ ಮಾಡಿದೆ. ಮನೆಯಲ್ಲಿ ನಿನ್ನ ಹೆಸರು ಬಂದರೆ ಸಾಕು, ಪಾತ್ರೆ ಕುಕ್ಕುತ್ತಿದ್ದೆ.

ಆದರೆ ಅವ್ವನ ಓಡಾಟ ಶುರುವಾಯಿತು. ಎಲ್ಲಿ ಡೇರೆ ಹಾಕಿದ್ದಾರೆ ಎಂದು ಸಂತೆಗೆ ಬಂದವರನ್ನೆಲ್ಲ ವಿಚಾರಿಸುವಳು. "ಆ ರೀಲು ಅಲ್ಲಿಗಾದ್ರೂ ಬಂದೈತೇನೋ, ನಡಿಯೇ ನೋಡ್ಕಂಡ್ ಬರನ" ಎನ್ನುವಳು. ಶನಿವಾರ ಬೆಳಗಿನ ಶಾಲೆ ಬಿಟ್ಟ ಕೂಡಲೇ ನಾನು ಅವಳನ್ನು ಕರೆದುಕೊಂಡು ಬಸ್ಸು ಹತ್ತಬೇಕು. ಹೊಳೆನರಸೀಪುರ, ಹಾಸನ, ಚನ್ನರಾಯಪಟ್ಟಣ, ಡೇರೆ ಎಂದರೆ ಡೇರೆ, ಟಾಕೀಸು ಎಂದರೆ ಟಾಕೀಸು. ಯುದ್ಧದ ಚಿತ್ರ ಎಂದರೆ ಬಿಡುವ ಹಾಗೇ ಇಲ್ಲ. ನನ್ನನ್ನು ನೋಡಲು ಬಂದ ಗಂಡಿನ ಕಡೆಯವರೊಬ್ಬರು, ತಾಯಿಗೂ ಮಗಳಿಗೂ ಸಿನಿಮಾ ಹುಚ್ಚು ಎಂದು ಕಾಫಿ ಕುಡಿದು ಎದ್ದು ಹೋದರು. ಅದಕ್ಕೂ ನಿನಗೇ ಶಾಪ ಹಾಕಿದೆ. ಮೊದಮೊದಲು ಒಂದು ಸಲ ಹಾಸನದಲ್ಲಿ ಚಿತ್ರ ನೋಡುತ್ತ ಅವ್ವ ನನ್ನ ಮೊಣಕೈ ತಿವಿದು, "ನೋಡೇ, ಓದ್ಸಲ ಒಳೆನರಸೀಪುರ್ದಲ್ಲಿ ಗುಂಡೇಟ್ ತಿಂದು ಸತ್ತೋನು ಇಲ್ಲಿ ಕುದ್ರೆ ಏರ್ಕಂಡ್ ಬಂದವ್ನೆ" ಎಂದಳು. ಅದು ವೇಷ ಹಾಕುವವರ ಕಸುಬು ಕಣವ್ವ ಎಂದು ನಾನು ಹೇಳಿದರೆ ಸುಮ್ಮನೆ ಹೂಂ ಎಂದಳು. ತಮ್ಮಯ್ಯನೂ ಹಾಗೇ ಎದ್ದು ಬರುತ್ತಾನೆಂದು ಅವಳು ನಂಬಿದ್ದಾಳೆ ಎಂದುಕೊಂಡು ನನಗೆ ಅಳು ಬಂತು. ಹೀಗೆ ಯುದ್ಧದ ಚಿತ್ರಗಳನ್ನೆಲ್ಲ ನಾನು ನೋಡಿದ್ದು. ವೆಂಕಟರಾಮಯ್ಯನವರು ಮುನ್ನುಡಿಯಲ್ಲಿ, ಲೇಖಕಿಗೆ ಈ ವಿಷಯದಲ್ಲಿ ಅಪಾರ ಆಸಕ್ತಿ ಎಂದು ಬರೆದಿದ್ದಾರೆ. ಓದಿ ನಗಬೇಕೋ ಹರಿದು ಹಾಕಬೇಕೋ ತಿಳಿಯಲಿಲ್ಲ.

ಹೋದ ವರ್ಷ ಚನ್ನರಾಯಪಟ್ಟಣದ ಸಂಗತಿ ನಿನಗೂ ಗೊತ್ತು, ಮರೆತವನ ಹಾಗೆ ನಟಿಸಬೇಡ. ನಾವು ಹೋಗಿ ನೆಲದಲ್ಲಿ ಕೂತಾಗ ದೀಪ ಇನ್ನೂ ಆರಿರಲಿಲ್ಲ. ಆರಿದ ಮೇಲೆ ನೀನು ವಿವರಣೆ ಶುರು ಮಾಡಿದೆ. ಆ ದನಿ ಕೇಳುತ್ತಲೇ ಅವ್ವ ಬೆನ್ನು ನೆಟ್ಟಗೆ ಮಾಡಿ ಕೂತಳು. ರೀಲು ಬದಲಾಯಿಸಲು ನಡುವೆ ದೀಪ ಹಾಕಿದರಲ್ಲ, ಆಗ ನೀನು ನಮ್ಮನ್ನು ಕಂಡೆ. ಮುಂದಿನ ರೀಲು ಓಡಿತು, ವಿವರಣೆ ಬರಲಿಲ್ಲ. ಪರದೇಶದವರು ಅವರ ಭಾಷೆಯಲ್ಲಿ ಏನೇನೋ ಮಾತಾಡಿಕೊಂಡರು. ಜನ ಕೂಗಾಡಿದರು. ನಾನು ಎದ್ದು ಹೋಗಿ ಕೇಳಿದರೆ ರುದ್ರಯ್ಯ ತಲೆ ತಗ್ಗಿಸಿ, "ಅವ್ನಿಗೆ ಜ್ವರ ಕಣಕ್ಕಾ, ಒಂಟೋದ" ಎಂದ. ಹಿಂದಿನ ಪರದೆ ಎತ್ತಿ ನುಸುಳಿಕೊಂಡು ಹೋದವನಿಗೆ ಎಂಥ ಜ್ವರವೋ! ಅವ್ವ ಚಿತ್ರ ಮುಗಿಯುವವರೆಗೂ ಕೂತಿದ್ದಳು. ಆಮೇಲೆ "ಓಗನ ನಡಿ" ಎಂದು ಸೆರಗು ಹೊದ್ದುಕೊಂಡು ಹೊರಟಳು. ಅವತ್ತು ತಮ್ಮಯ್ಯನ ರೀಲು ಇರಲಿಲ್ಲವೆಂದು ಬೇಸರ ಎಂದೇ ನಾನು ತಿಳಿದೆ.

ಈ ತಿಂಗಳು ಪುಸ್ತಕದ ಪ್ರೂಫ್ ಬಂತು. ಅದರಲ್ಲಿ ವಾರ್ತಾಚಿತ್ರಗಳ ಮೇಲೆ ಒಂದು ಅಧ್ಯಾಯವಿದೆ. ನಿಜ ಹೇಳಲೇ? ಇಡೀ ಪುಸ್ತಕದಲ್ಲಿ ನಾನು ಮನಸ್ಸಿಟ್ಟು ಬರೆದದ್ದು ಅದೊಂದನ್ನೇ, ಮತ್ತು ಅದನ್ನು ಬರೆದದ್ದು ಅವ್ವನಿಗೋಸ್ಕರ. ನಾನಾಗಿ ಬಾಯಿಬಿಟ್ಟು ಹೇಳಲಾರದ್ದನ್ನು ಅಚ್ಚಿನ ಅಕ್ಷರ ಹೇಳಲಿ ಎಂದಿದ್ದೆ. ನೆನ್ನೆ ಮಧ್ಯಾಹ್ನ ಅವ್ವ ಜಗುಲಿಯಲ್ಲಿ ಕೂತು ನೆನೆಸಿದ ಅವರೆಕಾಳು ಹಿದುಕುತ್ತಿದ್ದಳು. ಪ್ರೂಫ್ ತಂದು ಪಕ್ಕದಲ್ಲಿ ಕೂತು ಓದಿದೆ. ಹೀಗೆ ತೆಗೆದ ಚಿತ್ರಗಳಲ್ಲಿ ನಡೆಯುವ ಸಿಪಾಯಿಗಳು ಎಷ್ಟೋ ಸಲ ಯುದ್ಧದ ಮುಂಚೂಣಿಯವರಲ್ಲ, ಎಲ್ಲೋ ತರಬೇತಿಯಲ್ಲಿ ಇರುವವರು. ಇಂದು ನಮ್ಮೂರಲ್ಲಿ ಓಡುವ ರೀಲು ಎಷ್ಟೋ ದಿನದ ಹಿಂದೆ ತೆಗೆದದ್ದು. ಆದ್ದರಿಂದ ಪರದೆಯ ಮೇಲೆ ಕಂಡವನು ಇಂದು ಬದುಕಿದ್ದಾನೆ ಎನ್ನಲು ಅದು ಆಧಾರವಲ್ಲ. ಇಷ್ಟು ಓದುವಷ್ಟರಲ್ಲಿ ಅವ್ವ ಹಿದುಕುವುದನ್ನು ನಿಲ್ಲಿಸದೆಯೇ ಮಾತಾಡಿದಳು.

"ಸಾಕ್ ನಿಲ್ಸೇ. ಅವ್ನು ತಮ್ಮಯ್ಯ ಅಲ್ಲ ಅಂತ ಹೇಳಕ್ಕೆ ಇಷ್ಟ್ ದೊಡ್ಡ ಪುಸ್ತ್ಕ ಬರುದ್ಯಾ? ಎತ್ತೋಳು ನಾನು. ಮಾರ್ನೆ ದಿನ ರೀಲ್ ಕೇಳ್ದಾಗ್ಲೇ ಬೈರನ್ ಮೊಕ ನೋಡಿ ಗೊತ್ತಾಯ್ತು ನಂಗೆ."

ನನಗೆ ದುಃಖ ಬರಬೇಕಾಗಿದ್ದ ಕಡೆ ಸಿಟ್ಟು ಬಂತು. ಮತ್ತೆ ಇಷ್ಟು ವರ್ಷ ನನ್ನನ್ನು ಯಾಕವ್ವ ಊರೂರು ಅಲೆಸಿದೆ, ಇಲ್ಲದ ರೀಲಿಗೆ ಯಾಕೆ ಕಾದೆ ಎಂದು ಕೂಗಿಯೇಬಿಟ್ಟೆ. ಬೀದಿಯಲ್ಲಿ ಹೋಗುವವರು ನಿಂತು ನೋಡಿದರು. ಅವ್ವ ತಲೆ ಎತ್ತಲಿಲ್ಲ.

"ರೀಲಿಗೆ ಯಾರೇ ಕಾದಿದ್ರು? ಪರ್ದೆ ಮ್ಯಾಲೆ ಯಾರವ್ರೆ ಅಂತ ನೆಟ್ಟುಗ್ ಕಂಡು ಎಷ್ಟ್ ಕಾಲಾಯ್ತು ನಂಗೆ, ಕಣ್ಣು ಮಂಜಾಗೈತೆ. ಡೇರೆ ಇದ್ ಕಡೆ ಬೈರ ಇರ್ತಾನೆ ಅಂತ ಓಯ್ತಿದ್ದೆ. ಬೈರನ್ನ ನೋಡ್ಬೇಕು ಕರ್ಕಂಡ್ ಓಗು ಅಂದಿದ್ರೆ ನೀನ್ ಕರ್ಕಂಡ್ ಓಯ್ತಿದ್ಯಾ? ಅವನ್ ಹೆಸ್ರೆತ್ತಿದ್ರೆ ಪಾತ್ರೆ ಕುಕ್ತಿದ್ದೆ. ಅದ್ಕೇ ತಮ್ಮಯ್ಯನ್ ಹೆಸ್ರೇಳ್ದೆ."

ಇನ್ನೊಂದು ಹಿಡಿ ಕಾಳು ತೆಗೆದುಕೊಂಡು, ನನಗೆ ಹೇಳಿದ ಹಾಗಲ್ಲ, ಕೈಯಲ್ಲಿದ್ದ ಕಾಳಿಗೆ ಹೇಳಿದ ಹಾಗೆ ಅಂದಳು: "ಸತ್ತೋನ್ನ ತೋರ್ಸ್ಬುಟ್ಟು ಬದ್ಕಿರೋನು ಮರೆಯಾಗ್ಬುಟ್ಟ. ನಂಗೆ ಇಬ್ರೂ ಇಲ್ದಂಗಾಯ್ತು."

ಅಣ್ಣ, ಇದಾದ ಮೇಲೆ ನಾನು ಪ್ರೂಫ್ ಓದಲಿಲ್ಲ. ರಾತ್ರಿಯೆಲ್ಲ ನಿನ್ನ ಮೇಲೆ ಮಾಡಿಟ್ಟುಕೊಂಡಿದ್ದ ಕೋಪವನ್ನು ಎಲ್ಲಿಡಬೇಕೋ ತಿಳಿಯದೆ ಒದ್ದಾಡಿದೆ. ನೀನು ಬಂದು ಅವಳ ಕಾಲಿಗೆ ಬಿದ್ದು, ಅದು ಸುಳ್ಳವ್ವ ಎಂದು ನಿನ್ನ ಬಾಯಿಂದಲೇ ಹೇಳಬೇಕು ಎಂಬ ಹಟದಲ್ಲಿ ನಾನಿದ್ದೆ. ಈ ಕಾಗದವನ್ನೂ ಅದಕ್ಕೆಂದೇ ಶುರು ಮಾಡಬೇಕೆಂದಿದ್ದವಳು. ಈಗ ಅದಕ್ಕೂ ಕೆಲಸವಿಲ್ಲ. ನೀನು ಏನನ್ನೂ ಒಪ್ಪಿಕೊಳ್ಳಬೇಕಾಗಿಲ್ಲ, ಯಾವ ವಿವರಣೆಯನ್ನೂ ಕೊಡಬೇಕಾಗಿಲ್ಲ. ರೀಲು ತಂದೆಯಾ ಎಂದು ನಿನ್ನನ್ನು ಯಾರೂ ಕೇಳುವುದಿಲ್ಲ. ಬೆಳಗೊಳದಿಂದ ಚನ್ನರಾಯಪಟ್ಟಣಕ್ಕೆ, ಅಲ್ಲಿಂದ ಹಾಸನಕ್ಕೆ, ಹಾಸನದಿಂದ ಇಲ್ಲಿಗೆ ಬಸ್ಸಿದೆ. ನಾಲ್ಕು ವರ್ಷ ಆ ದಾರಿಯಲ್ಲಿ ಮುದುಕಿ ಓಡಾಡಿದ್ದಾಳೆ, ಒಂದು ಸಲ ನೀನು ಓಡಾಡು. ಬರುವಾಗ ಬಾಗಿಲ ಹೊರಗಿಂದಲೇ ಕೂಗು. ಕಣ್ಣು ಹೋದರೂ ಅವಳ ಕಿವಿ ಚೆನ್ನಾಗಿದೆ.

ನಿನಗೆ ಏನೆಂದು ಬರೆಯಲಿ ಎಂದು ಈಗ ತಾನೇ ಅವ್ವನನ್ನು ಕೇಳಿದೆ. "ಎಲ್ಲಿದ್ರೂ ಚೆಂದಾಗಿರ್ಲಿ ಅಂತ ಬರಿ" ಎಂದಳು. ನಾನು ಹಾಗೇ ಬರೆಯಲು ಹೊರಟರೆ ತಡೆದು, "ಬ್ಯಾಡ, ಎಲ್ಲಿದ್ರೂ ಅನ್ನೋದ ಒಡ್ದಾಕು. ಇಲ್ಲಿಗ್ ಬಂದು ಚೆಂದಾಗಿರ್ಲಿ" ಎಂದಳು. ಅವಳು ಹೇಳಿದ ಹಾಗೇ ಬರೆದಿದ್ದೇನೆ.

ಸಿಟ್ಟು ಇನ್ನೂ ಇಳಿಯದ ನಿನ್ನ ತಂಗಿ,
ಮುದ್ದಮ್ಮ